ಹಿಡಿದವನು ಹಿಡಿಯಬಾರದವನು

2023ರ ಡಿಸೆಂಬರ್ 30ರಂದು ಟೆಕ್ಸಾಸ್‌ನ ಆರ್ಲಿಂಗ್ಟನ್‌ನಲ್ಲಿ ಡೆಟ್ರಾಯಿಟ್ ಲಯನ್ಸ್ ತಂಡದ ಟೇಲರ್ ಡೆಕರ್ ಚೆಂಡನ್ನು ಲಕ್ಷಣವಾಗಿ ಹಿಡಿದ. ಗೆಲುವಿನ ಎರಡು ಅಂಕ ಬಂತೆಂದು ತಂಡ ಕುಣಿಯಿತು. ಅಷ್ಟರಲ್ಲಿ ರೆಫರಿಯ ಬಾವುಟ ನೆಲಕ್ಕೆ ಬಿತ್ತು: ಡೆಕರ್‌ಗೆ ಹಿಡಿಯುವ ಹಕ್ಕೇ ಇರಲಿಲ್ಲ. ಡಲ್ಲಾಸ್ ಕೌಬಾಯ್ಸ್ 20-19ರಿಂದ ಗೆದ್ದಿತು.

ಅಮೆರಿಕನ್ ಫುಟ್‌ಬಾಲಿನಲ್ಲಿ ಹನ್ನೊಂದು ಜನರ ತಂಡದ ಏಳು ಮಂದಿಯಾದರೂ ಚೆಂಡಿನ ಗೆರೆಯಲ್ಲಿ ಸಾಲಾಗಿ ನಿಲ್ಲಬೇಕು. ಮುಂದಕ್ಕೆ ಎಸೆದ ಪಾಸನ್ನು ಹಿಡಿಯಬಹುದಾದವರು ಆ ಸಾಲಿನ ಎರಡು ತುದಿಯವರು ಮತ್ತು ಸಾಲಿನ ಹಿಂದಿರುವವರು. ನಡುವಿನ ಐವರದು ಎದುರಾಳಿಯನ್ನು ತಡೆಯುವ ಕೂಲಿ ಕೆಲಸ. ಎದುರಾಳಿಯ ಕೈ ಚೆಂಡಿಗೆ ತಗುಲಿದ ಮೇಲೆ ಮಾತ್ರ ಅವರಿಗೂ ಅದು ದಕ್ಕಬಹುದು.

ಕೇಳಲು ಅನ್ಯಾಯವೆನಿಸುತ್ತದೆ, ಆದರೆ ಆಟ ನಿಂತಿರುವುದೇ ಇದರ ಮೇಲೆ. 1905ರಲ್ಲಿ ಮೈದಾನದ ಸಾವುಗಳು ದೇಶವನ್ನೇ ಕಂಗೆಡಿಸಿದಾಗ, ನುಗ್ಗಾಟ ತಗ್ಗಲೆಂದು ಮರುವರ್ಷ ಮುಂದಕ್ಕೆ ಎಸೆಯುವ ಪಾಸಿಗೆ ಅನುಮತಿ ಸಿಕ್ಕಿತು. ಹನ್ನೊಂದು ಮಂದಿಯೂ ಹಿಡಿಯಬಹುದಾದರೆ ಕಾಯುವವರ ಗತಿ ಏನು? ಕ್ಯಾಲಿಫೋರ್ನಿಯಾದ ಪೀಡ್‌ಮಾಂಟ್ ಪ್ರೌಢಶಾಲೆ ನಿಯಮದ ಒಂದು ಸಂದಿನಲ್ಲಿ ನುಸುಳಿ ಎಲ್ಲರಿಗೂ ಹಿಡಿಯುವವರ ಸಂಖ್ಯೆಯ ಅಂಗಿ ತೊಡಿಸಿ ಆಡಿತು; ಯಾರು ಓಡುತ್ತಾರೆಂಬುದು ಕೊನೆಯ ಗಳಿಗೆವರೆಗೂ ಗುಟ್ಟು. 2009ರಲ್ಲಿ ಆ ಸಂದನ್ನು ಮುಚ್ಚಿದರು. ನನಗೆ ಆ ಶಾಲೆಯ ಜಾಣತನ ಇಷ್ಟ, ಮುಚ್ಚಿದವರ ತೀರ್ಮಾನ ಇನ್ನೂ ಇಷ್ಟ.

ನನ್ನ ತಕರಾರು ಇರುವುದು ಅಂಗಿಯ ಸಂಖ್ಯೆಯ ಬಗ್ಗೆ. ವೃತ್ತಿಪರ ಲೀಗಿನಲ್ಲಿ 50ರಿಂದ 79ರವರೆಗಿನ ಅಂಗಿಯವನು ಹಿಡಿಯುವಂತಿಲ್ಲ. ಹಿಡಿಯಬೇಕೆಂದರೆ ರೆಫರಿಯ ಬಳಿ ಹೋಗಿ ಹೇಳಬೇಕು, ರೆಫರಿ ಅದನ್ನು ಎದುರಾಳಿಗೆ ಸಾರಬೇಕು. ಕಣ್ಣಿಗೆ ಕಾಣುವ ನಿಯಮ ಹೀಗೆ ಕಿವಿಮಾತಿನ ಪಾಲಾಯಿತು. 2015ರ ಜನವರಿಯಲ್ಲಿ ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್ ಇದನ್ನೇ ತಲೆಕೆಳಗು ಮಾಡಿತು: 34ರ ಅಂಗಿಯ ಶೇನ್ ವೆರೀನ್ 'ನಾನು ಹಿಡಿಯುವವನಲ್ಲ' ಎಂದು ವರದಿ ಮಾಡಿ ದೂರ ಹೋಗಿ ನಿಂತ. ಬಾಲ್ಟಿಮೋರ್ ರೇವನ್ಸ್‌ನವರು ಅವನತ್ತ ನೋಡುತ್ತಿದ್ದಾಗ ಪಾಸ್ ಇನ್ನೊಬ್ಬನ ಕೈಸೇರಿತು. ರೇವನ್ಸ್ ಕೋಚ್ ಜಾನ್ ಹಾರ್ಬೋ ಮೈದಾನಕ್ಕೇ ನುಗ್ಗಿ ದಂಡ ತೆತ್ತರು. ಪೇಟ್ರಿಯಟ್ಸ್ 35-31ರಿಂದ ಗೆದ್ದಿತು. ಕೆಲವೇ ತಿಂಗಳಲ್ಲಿ ಲೀಗು ನಿಯಮಕ್ಕೆ ತೇಪೆ ಹಾಕಿತು.

ಡೆಕರ್ ಪ್ರಸಂಗ ಇದರ ಮುಂದಿನ ಅಧ್ಯಾಯ. ಎದುರಾಳಿಯ ಕಣ್ಣಿಗೆ ಮಣ್ಣೆರಚಲು ಲಯನ್ಸ್‌ನ ಮೂವರು ದಢೂತಿಗಳು ಒಟ್ಟಿಗೇ ರೆಫರಿಯತ್ತ ನಡೆದರು. 68ರ ಡೆಕರ್ ತಾನು ಹೇಳಿದೆನೆಂದ. ರೆಫರಿ ಸಾರಿದ್ದು 70ರ ಡ್ಯಾನ್ ಸ್ಕಿಪರ್ ಹೆಸರನ್ನು. ಗೊಂದಲ ಬಿತ್ತಿದವರೇ ಅದನ್ನು ಕೊಯ್ದರು ಎನ್ನಬಹುದು. ಆದರೆ ಹಾಗೆ ಬಿತ್ತಲು ಹೊಲ ಹದಮಾಡಿಕೊಟ್ಟದ್ದು ನಿಯಮವೇ.

ಈ ಆಟ ನಮ್ಮತ್ತಲೂ ಬಂದಿತ್ತು. 2012ರ ಎಲೀಟ್ ಫುಟ್‌ಬಾಲ್ ಲೀಗಿನಲ್ಲಿ ಪುಣೆ ಮರಾಠಾಸ್, ಬೆಂಗಳೂರು ವಾರ್‌ಹಾಕ್ಸ್ ತಂಡಗಳಿದ್ದವು, ಬೇರು ಬಿಡಲಿಲ್ಲ. ಮಹಾರಾಷ್ಟ್ರದ ಮರಾಠವಾಡದಲ್ಲಿ, ಸಂಭಾಜಿನಗರದ ಪಕ್ಕದ ಶೇಂದ್ರಾದ ಕಾರ್ಖಾನೆಗಳಲ್ಲಿ ದುಡಿಯುವವರಿಗೆ ಗೊತ್ತಿರುವುದು ಖೋ ಖೋ. ಅರ್ಜುನ ಪ್ರಶಸ್ತಿ ಪಡೆದ ಖೋ ಖೋ ಆಟಗಾರ್ತಿ ಸಾರಿಕಾ ಕಾಳೆ ಅದೇ ಮರಾಠವಾಡದ ಧಾರಾಶಿವದವರು. ಖೋ ಖೋದಲ್ಲೂ ಹಕ್ಕಿನ ಕಟ್ಟುಪಾಡು ಬಿಗಿಯೇ: ಎಂಟು ಮಂದಿ ಕುಳಿತಿರಬೇಕು, ಒಬ್ಬರೇ ಅಟ್ಟಬೇಕು, ಅಟ್ಟುವವರು ನಡುಗೆರೆ ದಾಟಬಾರದು, ಹಿಡಿದ ದಿಕ್ಕು ಬಿಟ್ಟು ತಿರುಗಬಾರದು. ಆದರೆ ಹಕ್ಕು ಕೈ ಬದಲಾಗುವುದು ಬೆನ್ನು ಮುಟ್ಟಿ, ಗಟ್ಟಿಯಾಗಿ ಕೂಗಿ. ಓಡುವವರಿಗೂ ಕೇಳಿಸುತ್ತದೆ, ಬೇಲಿಯ ಮೇಲೆ ಕುಳಿತ ಹುಡುಗನಿಗೂ ಕೇಳಿಸುತ್ತದೆ. ಅಷ್ಟಿದ್ದೂ ಮೋಸಗೊಳಿಸುವ ಆಟಕ್ಕೆ ಅಲ್ಲಿ ಬರವಿಲ್ಲ. ಕೂಗುವಂತೆ ಬಾಗಿ ಕೂಗದೆ ಮುಂದೋಡಿದರೆ ಸಾಕು, ಓಡುವವರ ಲೆಕ್ಕ ತಪ್ಪುತ್ತದೆ.

2021ರಲ್ಲಿ ಅಮೆರಿಕದ ಲೀಗು ಹಲವು ಆಟಗಾರರ ಅಂಗಿ ಸಂಖ್ಯೆಯನ್ನು ಸಡಿಲಿಸಿತು, ನಡುಸಾಲಿನವರದನ್ನು ಮುಟ್ಟಲಿಲ್ಲ. ಇರಲಿ. ಆದರೆ ವರದಿ ಮಾಡುವವನು ಒಬ್ಬನೇ ಹೊರಬಂದು, ಕೈಯೆತ್ತಿ, ಎರಡೂ ತಂಡಕ್ಕೆ ಕಾಣುವಂತೆ ನಿಲ್ಲಲಿ. ಅವನು ಸಾಲಿಗೆ ಮರಳುವವರೆಗೆ ಚೆಂಡು ಅಲುಗದಿರಲಿ. ಹೀಗಾದರೆ ಲಯನ್ಸ್‌ನಂಥ ತಂಡಗಳಿಗೆ ಒಂದು ತಂತ್ರ ಕಡಿಮೆಯಾದೀತು. ಅದೇನೂ ದೊಡ್ಡ ನಷ್ಟವಲ್ಲ.