ವೈಮಾನಿಕಶಾಸ್ತ್ರದ ಕರ್ತೃತ್ವವಿಚಾರ

ಭರದ್ವಾಜಮಹರ್ಷಿಪ್ರಣೀತವೆಂದು ಪ್ರಸಿದ್ಧವಾದ ‘ವೈಮಾನಿಕಶಾಸ್ತ್ರ’ವನ್ನು ಆನೇಕಲ್ಲಿನ ಪಂಡಿತ ಸುಬ್ಬರಾಯಶಾಸ್ತ್ರಿಗಳು 1918ರಿಂದ 1923ರವರೆಗೆ ತಾವು ಹೇಳುತ್ತ ವೆಂಕಟಾಚಲಶರ್ಮರಿಂದ ಬರೆಯಿಸಿದರು. 1973ರಲ್ಲಿ ಮೈಸೂರಿನ ಜಿ. ಆರ್. ಜೋಸ್ಯರ್ ಅವರು ಇಂಗ್ಲಿಷ್ ಅನುವಾದದೊಡನೆ ಪ್ರಕಟಿಸಿದ ಮೇಲೆ ಇದರ ಖ್ಯಾತಿಯು ದೇಶಾಂತರಗಳಿಗೂ ಹಬ್ಬಿತು.

ಆದರೆ ಗ್ರಂಥದ ಭಾಷೆಯೇ ಅದರ ಕಾಲಕ್ಕೆ ಸಾಕ್ಷಿಯಾಗಿದೆ. ವೇದಭಾಷೆಯ ಲಕ್ಷಣಗಳು ಇಲ್ಲಿಲ್ಲ. ಈಚಿನ ಪಂಡಿತರ ಸುಲಭವಾದ ಶ್ಲೋಕರಚನೆಯಿದೆ. 1974ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಐವರು ವಿದ್ವಾಂಸರು ಪರೀಕ್ಷಿಸಿ, ಇದು 1904ಕ್ಕಿಂತ ಹಿಂದಿನದಲ್ಲವೆಂದೂ, ಇಲ್ಲಿ ವರ್ಣಿತವಾದ ಶಕುನ, ಸುಂದರ, ರುಕ್ಮ, ತ್ರಿಪುರ ವಿಮಾನಗಳು ಹಾರಲಾರವೆಂದೂ ನಿರ್ಣಯಿಸಿದರು.

ಇದರಿಂದ ಪ್ರಾಚೀನರಿಗೆ ಕುಂದೇನೂ ಇಲ್ಲ. ರಘುವಂಶದ ಹದಿಮೂರನೆಯ ಸರ್ಗದಲ್ಲಿ ಕಾಳಿದಾಸನು ಪುಷ್ಪಕದಿಂದ ಸಮುದ್ರವನ್ನು ತೋರಿಸುತ್ತಾನೆ. ಅದು ಕವಿಪ್ರತಿಭೆಯೆಂದು ತಿಳಿದೇ ನಾವು ತಲೆದೂಗುತ್ತೇವೆ. ಆರ್ಯಭಟನ ಗಣಿತವನ್ನಾದರೋ ಇಂದಿಗೂ ಲೆಕ್ಕಮಾಡಿ ನೋಡಬಹುದು. ಪರೀಕ್ಷೆಗೆ ನಿಲ್ಲದ ಗ್ರಂಥವನ್ನು ಆತನ ಸಾಲಿನಲ್ಲಿ ಕುಳ್ಳಿರಿಸಿದರೆ, ಅದರ ಪೊಳ್ಳು ಹೊರಬಿದ್ದ ದಿನ ನಮ್ಮ ಮಕ್ಕಳು ಆರ್ಯಭಟನನ್ನೂ ಶಂಕಿಸಿಯಾರು. ಶಾಸ್ತ್ರಿಗಳ ಕಲ್ಪನಾಶಕ್ತಿಯು ಸಾಮಾನ್ಯವಾದುದಲ್ಲ. ಗ್ರಂಥದ ಮೇಲೆ ಅವರ ಹೆಸರೇ ಇರಲಿ. ಮಹರ್ಷಿಯ ಮೇಲೆ ಈ ಭಾರವನ್ನು ಹೊರಿಸುವುದು ಬೇಡ.