ಹಿರಣ್ಣಯ್ಯನವರ ನಾಟಕ ಕೇಳುವ ಬಗೆ

ಮಾಸ್ಟರ್ ಹಿರಣ್ಣಯ್ಯನವರ ‘ಲಂಚಾವತಾರ’ ನಾಟಕದ ಧ್ವನಿಮುದ್ರಣವನ್ನು ಮೊದಲ ಸಲ ಕೇಳುವವರು ಕಥೆಯ ಎಳೆ ಹಿಡಿಯಲು ಹೋಗಿ ಸುಸ್ತಾಗುತ್ತಾರೆ. ಪಾತ್ರದ ಮಾತು ನೋಡನೋಡುತ್ತಲೇ ನಟನ ಮಾತಾಗಿ, ಅಂದಿನ ರಾಜಕಾರಣವನ್ನೆಲ್ಲ ಝಾಡಿಸಿ, ಮತ್ತೆ ಪಾತ್ರಕ್ಕೆ ಮರಳುತ್ತದೆ. ಇದನ್ನು ಬರವಣಿಗೆಯ ಸಡಿಲತೆ ಎಂದುಕೊಂಡರೆ ರುಚಿ ಹತ್ತುವುದಿಲ್ಲ. ನಾಟಕಕಾರ, ಮುಖ್ಯ ನಟ, ಕಂಪನಿ ಮಾಲೀಕ ಮೂವರೂ ಒಬ್ಬರೇ ಆಗಿದ್ದರಿಂದ ಹುಟ್ಟಿದ ಕಟ್ಟು ಇದು.

ಅವರ ಬದುಕೇ ಇದಕ್ಕೆ ಸಾಕ್ಷಿ. 1934ರಲ್ಲಿ ಮೈಸೂರಿನಲ್ಲಿ ಹುಟ್ಟಿದ ನರಸಿಂಹಮೂರ್ತಿ, ತಂದೆ ಕೆ. ಹಿರಣ್ಣಯ್ಯ 1953ರಲ್ಲಿ ತೀರಿಕೊಂಡ ಮೇಲೆ ಅವರು ಕಟ್ಟಿದ್ದ ಮಿತ್ರ ಮಂಡಳಿ ಎಂಬ ನಾಟಕ ಕಂಪನಿಯನ್ನೂ ಅವರ ಹೆಸರನ್ನೂ ಹೊತ್ತರು. ವೃತ್ತಿ ಕಂಪನಿ ಒಂದೂರಲ್ಲಿ ಕ್ಯಾಂಪ್ ಹಾಕಿದರೆ ಕಲಾವಿದರ ಸಂಬಳ, ಊಟ, ಪರದೆ, ದೀಪದ ಖರ್ಚೆಲ್ಲ ಟಿಕೆಟ್ ಹಣದಿಂದಲೇ ಹುಟ್ಟಬೇಕು. ಊರಿನ ಜನ ಇಷ್ಟೇ. ನೋಡಿದವರೇ ಮತ್ತೆ ಬಂದರಷ್ಟೇ ಕ್ಯಾಂಪ್ ಮುಂದುವರಿದೀತು. ಹಾಗಾಗಿ ಬೆಳಗಿನ ಪತ್ರಿಕೆಯ ಸುದ್ದಿ ರಾತ್ರಿಯ ಸಂಭಾಷಣೆಗೆ ಸೇರಿತು. ಬರೆದವರು ಬೇರೆ, ದುಡ್ಡು ಹಾಕಿದವರು ಬೇರೆ ಆಗಿದ್ದರೆ ಒಂದೊಂದು ಮಾತಿಗೂ ಅಪ್ಪಣೆ ಬೇಕಾಗುತ್ತಿತ್ತು. ಇಲ್ಲಿ ಧೈರ್ಯವೂ ಹಿರಣ್ಣಯ್ಯನವರದೇ, ಅದರಿಂದಾಗುವ ನಷ್ಟವೂ ಅವರದೇ. ‘ಲಂಚಾವತಾರ’ ಸಾವಿರಾರು ಪ್ರಯೋಗ ಕಂಡಿದ್ದರ ಗುಟ್ಟು ಇಲ್ಲಿದೆ.

ಇದು ನಾಟಕವಲ್ಲ, ಭಾಷಣ ಎಂಬ ಆಕ್ಷೇಪ ಹಳೆಯದು. ಉತ್ತರಕ್ಕೆ ಎದುರು ಪಾತ್ರಧಾರಿಯನ್ನು ಗಮನಿಸಿ. ಆತ ಏನೂ ತಿಳಿಯದವನಂತೆ ಒಂದು ಪ್ರಶ್ನೆ ಎಸೆಯುತ್ತಾನೆ. ಹಿರಣ್ಣಯ್ಯ ಉಸಿರು ಬಿಡದೆ ಮಾತಿನ ವೇಗ ಏರಿಸುತ್ತಾರೆ, ನಗೆ ಏಳುವ ತುದಿಯಲ್ಲಿ ಗಕ್ಕನೆ ನಿಲ್ಲುತ್ತಾರೆ. ಚಪ್ಪಾಳೆ ಇಳಿಯುವ ಹೊತ್ತಿಗೆ ಸರಿಯಾಗಿ ಆತ ಕಥೆಯ ಮಾತೆತ್ತುತ್ತಾನೆ. ಭಾಷಣಕಾರನನ್ನು ಹೀಗೆ ಕೆಣಕಿ, ತಡೆದು, ಎಳೆದು ತರುವವರು ಇರುವುದಿಲ್ಲ. ಸುದ್ದಿ ಹಳತಾದರೆ ಹಾಸ್ಯವೂ ಸಾಯುತ್ತದಲ್ಲ ಎಂಬುದು ಇನ್ನೊಂದು ಆಕ್ಷೇಪ. ಅರ್ಧ ನಿಜ. ಅಂದಿನ ಮಂತ್ರಿಗಳ ಹೆಸರು ಇಂದಿನ ಕಿವಿಗೆ ತಾಗುವುದಿಲ್ಲ. ಮೇಜಿನ ಕೆಳಗೆ ಕೈ ಚಾಚುವವನು ಮಾತ್ರ ಈಗಲೂ ಗುರುತು ಸಿಗುತ್ತಾನೆ. ಕೆಲವು ಚೇಷ್ಟೆಯ ಮಾತುಗಳು, ಹೆಂಗಸರನ್ನು ಕುರಿತವು ವಿಶೇಷವಾಗಿ, ಇಂದು ಒರಟಾಗಿ ಕೇಳಿಸುತ್ತವೆ; ಅವನ್ನು ಸಮರ್ಥಿಸುವ ಹೊಣೆ ರಸಿಕನಿಗಿಲ್ಲ.

2019ರಲ್ಲಿ ಹಿರಣ್ಣಯ್ಯ ತೀರಿಕೊಂಡರು. ಈಗ ನಮಗಿರುವುದು ಮುದ್ರಣಗಳಷ್ಟೆ. ಸಾಧ್ಯವಾದರೆ ಒಂದೇ ನಾಟಕದ ಎರಡು ಮುದ್ರಣ ಕೇಳಿ. ಮಾತು ಎಲ್ಲಿ ಕಥೆ ಬಿಟ್ಟಿತು, ಯಾರು ಅದನ್ನು ಹಿಂದಕ್ಕೆ ಕರೆದರು, ಮರಳಿದಾಗ ಸನ್ನಿವೇಶ ಮೊನಚಾಯಿತೇ, ಗಮನಿಸಿ. ಮೊನಚಾಗದೆ ಚಪ್ಪಾಳೆಯಷ್ಟೇ ಗಿಟ್ಟಿದ ಕಡೆ ನಾಟಕ ಸೋತಿತೆನ್ನಲು ಸಂಕೋಚ ಬೇಡ.