ಹೊನ್ನಮ್ಮನ ಒಂದೇ ಪದ್ಯ

ಪೂರಿಗಾಲಿಯ ನಮ್ಮ ಮನೆಯಲ್ಲಿ ಆಸ್ತಿ ಪಾಲಾದಾಗ ಅಕ್ಕ ಹಕ್ಕುಬಿಡುಗಡೆ ಪತ್ರಕ್ಕೆ ರುಜು ಹಾಕಿದಳು. ಲೇಖನಿ ಕೊಟ್ಟವನು ನಾನೇ. ಮರುದಿನ ತರಗತಿಯಲ್ಲಿ ಸಂಚಿಯ ಹೊನ್ನಮ್ಮನ ‘ಹದಿಬದೆಯ ಧರ್ಮ’ವನ್ನು ಪಾಠ ಹೇಳುವಾಗ ನಾಲಗೆ ತಡವರಿಸಿತು.

ಹೆಣ್ಣನ್ನು ಹಳಿಯುವವರನ್ನು ಕಣ್ಣಿಲ್ಲದವರೆಂದು ಜರೆದ ಪದ್ಯವೊಂದನ್ನೇ ಕಿತ್ತು ತಂದು ಈಕೆಯನ್ನು ಸ್ತ್ರೀಹಕ್ಕಿನ ಆದ್ಯ ವಕೀಲೆಯೆಂದು ಮೆರೆಸುವುದು ನಮ್ಮ ವಿಮರ್ಶಕರ ಚಾಳಿ. ಇಡೀ ಸಾಂಗತ್ಯವನ್ನು ಓದಿದರೆ ಅದು ಪತಿವ್ರತೆಗೆ ವಿಧಿಸಿದ ಕಟ್ಟಳೆ. ಚಿಕ್ಕದೇವರಾಜ ಒಡೆಯರ (1673–1704) ಅರಮನೆಯ ಊಳಿಗದವಳು, ಕಾವೇರಿಯಾಚೆಯ ಯಳಂದೂರಿನವಳು, ಮಗಳಿಗಾಗಿ ಕೇಳಿದ್ದು ಗೌರವವನ್ನು, ಪಾಲನ್ನಲ್ಲ. ಆ ಮಾತಿಗೆ ಮೈಸೂರು 1933ರ ಹಿಂದೂ ಸ್ತ್ರೀಯರ ಹಕ್ಕಿನ ಕಾನೂನಿನವರೆಗೆ ಕಾಯಬೇಕಾಯಿತು. ದೇಶದಾದ್ಯಂತ ಮಗಳು ಮಗನ ಸಮಕ್ಕೆ ನಿಂತದ್ದು 2005ರ ತಿದ್ದುಪಡಿಯಲ್ಲಿ.

ಆದರೂ ಆ ಪದ್ಯ ನಾಟುತ್ತದೆ. ಕಟ್ಟಳೆಯನ್ನು ಒಪ್ಪಿ ಒಳಗಿದ್ದವಳ ಸಿಟ್ಟು ಅದು. ಮುಂದಿನ ವರ್ಷ ಅದರ ಹಿಂದುಮುಂದಿನ ಪದ್ಯಗಳನ್ನೂ ವಿದ್ಯಾರ್ಥಿಗಳಿಂದ ಓದಿಸುವೆ.